ಮೊದಲ ಗಳಿಗೆಯ ವ್ಯವಸ್ಥೆ: ಹಾನಗಲ್ಲ, ಶಿಗ್ಗಾಂವ, ಸವಣೂರು, ಹಿರೇಕೆರೂರು ತಾಲೂಕುಗಳಲ್ಲಿ ತುರ್ತುಚಿಕಿತ್ಸೆಯ ಕ್ರಮ ಮತ್ತು ಸಿದ್ಧತೆ

ರೋಗಿಗೆ ಚಿಕಿತ್ಸೆ ದೊರೆಯುವುದು ಬೇರೆ, ದೊರೆಯಬೇಕಾದ ಹೊತ್ತಿಗೆ ದೊರೆಯುವುದು ಬೇರೆ. ಈ ಎರಡರ ನಡುವಣ ಅಂತರವೇ ತುರ್ತುಚಿಕಿತ್ಸೆಯೆಂಬ ಪ್ರತ್ಯೇಕ ಶಾಸ್ತ್ರದ ಹುಟ್ಟಿಗೆ ಕಾರಣವಾಗಿದೆ. ಬಹುಕಾಲದ ಬೇನೆಗಳಲ್ಲಿ ವೈದ್ಯನು ಗ್ರಂಥವನ್ನು ನೋಡಬಹುದು, ತನಗಿಂತ ಹಿರಿಯರನ್ನು ವಿಚಾರಿಸಬಹುದು, ‘ನಾಳೆ ಬಾ’ ಎಂದೂ ಹೇಳಬಹುದು. ಉಸಿರು ಕಟ್ಟುತ್ತಿರುವವನ ಮಗ್ಗುಲಲ್ಲಿ ನಿಂತವನಿಗೆ ಈ ಮೂರು ಅನುಕೂಲಗಳೂ ಇಲ್ಲ. ಅಲ್ಲಿ ಮಾಡತಕ್ಕದ್ದನ್ನು ಮೊದಲೇ ಯೋಚಿಸಿ, ಬರೆದು, ಕಲಿತು, ಕೈಗೆಟಕುವಂತೆ ಇಟ್ಟುಕೊಂಡಿರಬೇಕಾಗುತ್ತದೆ. ಹೀಗೆ ಮೊದಲೇ ನಿಶ್ಚಯಿಸಿದ ನಡೆಯನ್ನು ವೈದ್ಯರು ‘ಪ್ರೋಟೋಕಾಲ್’ ಎನ್ನುತ್ತಾರೆ. ಈ ಲೇಖನದಲ್ಲಿ ನಾವು ಅದನ್ನು ‘ಕ್ರಮ’ವೆಂಬ ನಮ್ಮ ಶಬ್ದದಿಂದಲೇ ಕರೆಯೋಣ. ಆ ಕ್ರಮವು ನಡೆಯುವುದಕ್ಕೆ ಬೇಕಾದ ಜನ, ಸ್ಥಳ, ಸಾಮಗ್ರಿ, ಅಭ್ಯಾಸಗಳ ಒಟ್ಟು ಹೆಸರೇ ಸಿದ್ಧತೆ.

ಇದು ವೈದ್ಯರ ವಿಷಯವಲ್ಲವೆ, ಕಾಲೇಜಿನ ಉಪಾಧ್ಯಾಯರಿಗೂ ವಿದ್ಯಾರ್ಥಿಗಳಿಗೂ ಇದರಿಂದೇನು ಎಂಬ ಪ್ರಶ್ನೆ ಸಹಜವಾದುದು. ಆದರೆ ಅಪಘಾತದ ಮೊದಲ ಗಳಿಗೆಯು ಬಹುತೇಕ ವೈದ್ಯನ ಕೈಯಲ್ಲಿರುವುದಿಲ್ಲ. ಹೊಲದ ನೆರೆಯವನ, ಬಸ್ಸಿನ ಸಹಪ್ರಯಾಣಿಕನ, ವಿದ್ಯಾರ್ಥಿನಿಲಯದ ಗೆಳೆಯನ ಕೈಯಲ್ಲಿರುತ್ತದೆ. ಮೇಲಾಗಿ, ಒಂದು ಪ್ರದೇಶದ ದವಾಖಾನೆಯ ಬಾಗಿಲಿಗೆ ಯಾವ ಯಾವ ಆಪತ್ತುಗಳು ಬರುತ್ತವೆಯೆಂಬುದನ್ನು ಆ ಪ್ರದೇಶದ ನೆಲ, ಬೆಳೆ, ರಸ್ತೆ, ಹಬ್ಬಗಳೇ ನಿರ್ಧರಿಸುತ್ತವೆ. ಅಷ್ಟರಮಟ್ಟಿಗೆ ಇದು ಭೂಗೋಳ, ಸಮಾಜಶಾಸ್ತ್ರಗಳ ವಿಷಯವೂ ಹೌದು.

ಇಲ್ಲಿ ಆಯ್ದುಕೊಂಡ ನಾಲ್ಕು ತಾಲೂಕುಗಳೂ ೧೯೯೭ರವರೆಗೆ ಧಾರವಾಡ ಜಿಲ್ಲೆಗೆ ಸೇರಿದ್ದು, ಆ ವರ್ಷ ಹೊಸದಾಗಿ ರಚಿತವಾದ ಹಾವೇರಿ ಜಿಲ್ಲೆಗೆ ಬಂದವು. ಹಿರೇಕೆರೂರಿನಿಂದ ರಟ್ಟೀಹಳ್ಳಿಯು ಈಚೆಗೆ ಬೇರೆ ತಾಲೂಕಾಗಿದೆ. ೨೦೧೧ರ ಜನಗಣತಿಯಂತೆ ಇಡೀ ಜಿಲ್ಲೆಯ ಜನಸಂಖ್ಯೆ ಸುಮಾರು ೧೬ ಲಕ್ಷ. ಅದರಲ್ಲಿ ಮುಕ್ಕಾಲು ಪಾಲಿಗೂ ಮಿಕ್ಕಿದವರು ಹಳ್ಳಿಗರು. ಹಾನಗಲ್ಲು ಮಲೆನಾಡಿನ ಸೆರಗು: ಭತ್ತ, ಮಾವು, ಸಾಲುಸಾಲು ಕೆರೆಗಳು, ಪಶ್ಚಿಮಕ್ಕೆ ಮುಂಡಗೋಡ-ಶಿರಸಿಗಳ ಕಾಡು. ಸವಣೂರು ಬಯಲುಸೀಮೆಯ ಕಡೆಗೆ ವಾಲಿದ್ದು, ವೀಳ್ಯದೆಲೆಗೂ ಕಾಯಿಪಲ್ಲೆಗೂ ಹೆಸರಾಗಿದೆ. ಶಿಗ್ಗಾಂವ ತಾಲೂಕನ್ನು ಪುಣೆ-ಬೆಂಗಳೂರು ಹೆದ್ದಾರಿಯು ಸೀಳಿಕೊಂಡು ಹೋಗುತ್ತದೆ. ಹಿರೇಕೆರೂರು ಹತ್ತಿ ಮತ್ತು ಗೋವಿನಜೋಳದ ನಾಡು. ಜಿಲ್ಲೆಯ ದಕ್ಷಿಣದ ಮೂಲೆಯಲ್ಲಿರುವುದರಿಂದ ಅಲ್ಲಿನ ಜನರು ಹಾವೇರಿಗಿಂತ ಶಿಕಾರಿಪುರ, ಶಿವಮೊಗ್ಗಗಳ ಕಡೆಗೆ ಮುಖಮಾಡುವುದೇ ಹೆಚ್ಚು.

ದೊಡ್ಡ ದವಾಖಾನೆಯಾವುದು? ತಲೆಮಾರುಗಳಿಂದ ಈ ಭಾಗದವರಿಗೆ ಅದು ಹುಬ್ಬಳ್ಳಿಯೇ ಆಗಿದೆ. ಅಲ್ಲಿ ೧೯೫೭ರಲ್ಲಿ ಆರಂಭವಾದ ವೈದ್ಯಕೀಯ ಮಹಾವಿದ್ಯಾಲಯದ ಆಸ್ಪತ್ರೆಯನ್ನು ಜನರು ಇಂದಿಗೂ ‘ಕಿಮ್ಸ್’ ಎಂದೇ ಕರೆಯುತ್ತಾರೆ. ಶಿಗ್ಗಾಂವದಿಂದ ಅದು ಸುಮಾರು ೫೦ ಕಿಲೋಮೀಟರು. ಹಾನಗಲ್ಲಿನಿಂದ ೭೦ಕ್ಕೂ ಮೇಲೆ. ಹಿರೇಕೆರೂರಿನಿಂದ ನೂರಕ್ಕೂ ಹೆಚ್ಚು. ಹಾವೇರಿಯಲ್ಲಿಯೂ ಈಗ ಸರಕಾರಿ ವೈದ್ಯಕೀಯ ಮಹಾವಿದ್ಯಾಲಯವಾಗಿದೆ; ಅದು ಬೆಳೆದಂತೆ ಈ ದೂರದ ಲೆಕ್ಕ ಬದಲಾಗಬಹುದು. ಆದರೂ ತಾಲೂಕಿನ ದವಾಖಾನೆಗೂ ನುರಿತ ಶಸ್ತ್ರವೈದ್ಯನಿಗೂ ನಡುವೆ ಅರ್ಧ ತಾಸಿನಿಂದ ಎರಡೂವರೆ ತಾಸಿನವರೆಗಿನ ದಾರಿಯಿದೆ ಎಂಬುದನ್ನು ವಾಚಕರು ಮನಸ್ಸಿನಲ್ಲಿ ಇಟ್ಟುಕೊಳ್ಳಬೇಕು. ಮುಂದೆ ಹೇಳುವುದೆಲ್ಲ ಈ ದಾರಿಯ ಕಥೆಯೇ.

೨೦೨೫ರ ಜನವರಿ ೨೨ರಂದು, ಬುಧವಾರ ನಸುಕಿನಲ್ಲಿ, ಸವಣೂರಿನಿಂದ ಕುಮಟೆಯ ಸಂತೆಗೆ ಹಣ್ಣು-ಕಾಯಿಪಲ್ಲೆಗಳನ್ನೂ ಅವುಗಳ ಮೇಲೆ ಕುಳಿತ ವ್ಯಾಪಾರಿಗಳನ್ನೂ ಹೊತ್ತು ಹೊರಟಿದ್ದ ಲಾರಿಯೊಂದು ಯಲ್ಲಾಪುರ ತಾಲೂಕಿನ ಗುಳ್ಳಾಪುರದ ಬಳಿ ಕಂದರಕ್ಕೆ ಉರುಳಿತು. ಸತ್ತವರು ಹತ್ತಕ್ಕೆ ಕಡಿಮೆಯಿಲ್ಲ; ಗಾಯಗೊಂಡವರು ಅದಕ್ಕಿಂತ ಹೆಚ್ಚು. ಎಲ್ಲರೂ ಸವಣೂರಿನ ಕಡೆಯ ಬಡ ವ್ಯಾಪಾರಸ್ಥರು. ಗಾಯಾಳುಗಳನ್ನು ಘಟ್ಟದಿಂದ ಹುಬ್ಬಳ್ಳಿಗೆ ತರಲಾಯಿತು. ಅದಕ್ಕೆ ಏಳು ತಿಂಗಳ ಹಿಂದೆ, ೨೦೨೪ರ ಜೂನ್ ೨೮ರ ನಸುಕಿನಲ್ಲಿಯೇ, ಬ್ಯಾಡಗಿ ತಾಲೂಕಿನ ಗುಂಡೇನಹಳ್ಳಿಯ ಹತ್ತಿರ ಹೆದ್ದಾರಿಯಲ್ಲಿ ನಿಂತಿದ್ದ ಲಾರಿಗೆ ಯಾತ್ರಿಕರ ವಾಹನವು ಅಪ್ಪಳಿಸಿ ೧೩ ಜನರು ಮಡಿದರು. ಅವರು ಚಿಂಚಲಿಯ ಮಾಯಕ್ಕನ ದರ್ಶನ ಮಾಡಿಕೊಂಡು ಭದ್ರಾವತಿಯ ಕಡೆಯ ತಮ್ಮ ಊರಿಗೆ ಮರಳುತ್ತಿದ್ದವರು. ಎರಡೂ ದುರ್ಘಟನೆಗಳು ನಡೆದ ಹೊತ್ತನ್ನು ಗಮನಿಸಬೇಕು. ನಸುಕಿನ ಹೊತ್ತಿಗೆ ಯಾವ ದವಾಖಾನೆಯಲ್ಲಿಯೂ ಸಿಬ್ಬಂದಿ ಅತ್ಯಂತ ಕಡಿಮೆಯಿರುತ್ತದೆ; ಇದ್ದವರು ಅತ್ಯಂತ ದಣಿದಿರುತ್ತಾರೆ. ಸಿದ್ಧತೆಯ ಪರೀಕ್ಷೆ ನಡೆಯುವುದು ಹಗಲು ಹನ್ನೊಂದರ ತಪಾಸಣೆಯಲ್ಲಲ್ಲ, ಈ ಹೊತ್ತಿನಲ್ಲಿ.

ಇಂಥ ಸಮಯದಲ್ಲಿ ಹದಿನೈದು ಗಾಯಾಳುಗಳು ಒಮ್ಮೆಲೇ ಒಂದು ದವಾಖಾನೆಯ ಬಾಗಿಲಿಗೆ ಬಂದರೆಂದು ಭಾವಿಸೋಣ. ಒಬ್ಬ ವೈದ್ಯ, ಇಬ್ಬರು ಶುಶ್ರೂಷಕಿಯರು ಇದ್ದಾರೆ. ಮೊದಲು ಯಾರನ್ನು ನೋಡಬೇಕು? ಸ್ವಾಭಾವಿಕವಾಗಿ ಕಣ್ಣು ಹೋಗುವುದು ಹೆಚ್ಚು ಕೂಗುವವನ ಕಡೆಗೆ, ಅಥವಾ ಮೊದಲು ಒಳಗೆ ತಂದವನ ಕಡೆಗೆ, ಇಲ್ಲವೆ (ಇದನ್ನು ಒಪ್ಪಿಕೊಳ್ಳಲು ಸಂಕೋಚವೇಕೆ?) ಊರಿನ ಪ್ರಮುಖರ ಕಡೆಯವನ ಕಡೆಗೆ. ಆದರೆ ಕೂಗುವವನಿಗೆ ಉಸಿರಿದೆ ಎಂಬುದು ಕೂಗಿನಿಂದಲೇ ಸಿದ್ಧವಾಯಿತು. ಸುಮ್ಮನೆ ಬಿದ್ದಿರುವವನೇ ಸಾಯುತ್ತಿರುವವನಾಗಿರಬಹುದು. ಆದ್ದರಿಂದ ಚಿಕಿತ್ಸೆಗೂ ಮೊದಲು ವಿಂಗಡಣೆ ನಡೆಯಬೇಕು.

ಈ ವಿಂಗಡಣೆಯ ಕಲ್ಪನೆ ಯುದ್ಧಭೂಮಿಯಲ್ಲಿ ಹುಟ್ಟಿತು. ನೆಪೋಲಿಯನ್ನನ ಸೈನ್ಯದ ಶಸ್ತ್ರವೈದ್ಯ ಡೊಮಿನಿಕ್ ಲಾರೆಯು ಗಾಯಾಳುಗಳನ್ನು ದರ್ಜೆ-ಪದವಿಗಳಿಂದಲ್ಲ, ಗಾಯದ ಸ್ವರೂಪದಿಂದಲೇ ಎತ್ತಿಕೊಳ್ಳತಕ್ಕದ್ದೆಂದು ಕಟ್ಟು ಹಾಕಿದನು. ಹೆಚ್ಚು ಆಪತ್ತಿನಲ್ಲಿದ್ದ ಸಿಪಾಯಿಯು ಕಡಿಮೆ ಗಾಯವಾದ ಸೇನಾಧಿಕಾರಿಗಿಂತ ಮೊದಲು. ಇಂದು ಬಳಕೆಯಲ್ಲಿರುವ ಸರಳ ವಿಧಾನಗಳಲ್ಲಿ ಒಂದು ೧೯೮೩ರಲ್ಲಿ ಅಮೇರಿಕೆಯ ಕ್ಯಾಲಿಫೋರ್ನಿಯದಲ್ಲಿ ರೂಪುಗೊಂಡಿತು. ಅದರ ಪ್ರಕಾರ ಮೊದಲು ‘ನಡೆಯಬಲ್ಲವರು ಆ ಕಡೆಗೆ ಹೋಗಿರಿ’ ಎಂದು ಕೂಗಿ ಹೇಳಬೇಕು. ನಡೆದು ಹೋದವರಿಗೆ ಹಸಿರು ಗುರುತು. ಉಳಿದವರಲ್ಲಿ ಒಬ್ಬೊಬ್ಬರನ್ನೂ ಒಂದು ನಿಮಿಷಕ್ಕೆ ಮೀರದಂತೆ ನೋಡಬೇಕು. ಉಸಿರಿಲ್ಲವೆ? ಗದ್ದವನ್ನೆತ್ತಿ ಶ್ವಾಸದ ದಾರಿಯನ್ನು ಬಿಡಿಸಬೇಕು. ಆಗಲೂ ಉಸಿರಾಡದಿದ್ದರೆ ಕಪ್ಪು. ನಿಮಿಷಕ್ಕೆ ಮೂವತ್ತಕ್ಕಿಂತ ಹೆಚ್ಚು ಉಸಿರು, ಇಲ್ಲವೆ ಮಣಿಕಟ್ಟಿನಲ್ಲಿ ನಾಡಿ ಸಿಗದಿರುವುದು, ಇಲ್ಲವೆ ‘ಕೈ ಎತ್ತು’ ಎಂದರೆ ತಿಳಿಯದಿರುವುದು, ಇವುಗಳಲ್ಲಿ ಒಂದಿದ್ದರೂ ಕೆಂಪು. ಉಳಿದವರಿಗೆ ಹಳದಿ. ಇದನ್ನು ಮಾಡುವುದಕ್ಕೆ ಯಂತ್ರ ಬೇಡ, ಪದವಿಯೂ ಬೇಡ. ಬೇಕಾದುದು ಒಂದೇ: ವಿಂಗಡಿಸುವವನು ಯಾರ ಮಗ್ಗುಲಲ್ಲಿಯೂ ನಿಲ್ಲದೆ ಮುಂದೆ ಸಾಗುವ ಮನೋನಿಗ್ರಹ. ಇದು ಕೇಳುವುದಕ್ಕೆ ನಿಷ್ಠುರವಾಗಿ ತೋರುತ್ತದೆ. ಕಪ್ಪು ಗುರುತಿನವನ ತಾಯಿ ಅಲ್ಲಿಯೇ ನಿಂತಿರುವಾಗ ಮುಂದೆ ಸಾಗುವುದು ಸುಲಭವಲ್ಲ. ಕ್ರಮವನ್ನು ಮೊದಲೇ ಬರೆದಿಡುವುದರ ಒಂದು ಪ್ರಯೋಜನವೆಂದರೆ, ಆ ನಿಷ್ಠುರತೆಯ ಹೊರೆಯನ್ನು ಅದು ಒಬ್ಬ ಮನುಷ್ಯನ ಹೆಗಲಿನಿಂದ ಇಳಿಸಿ ಸಂಸ್ಥೆಯ ಮೇಲೆ ಹೊರಿಸುತ್ತದೆ.

ವಿಂಗಡಣೆಯಾದ ಮೇಲೆ ಕೆಂಪು ಗುರುತಿನವನಿಗೆ ಮಾಡುವ ಉಪಚಾರಕ್ಕೂ ಒಂದು ಅನುಕ್ರಮವಿದೆ. ಇದರ ಇತಿಹಾಸವು ನಮ್ಮಂಥ ಗ್ರಾಮೀಣ ಪ್ರದೇಶದವರು ತಿಳಿಯತಕ್ಕದ್ದಾಗಿದೆ. ೧೯೭೬ರ ಫೆಬ್ರುವರಿಯಲ್ಲಿ ಜೇಮ್ಸ್ ಸ್ಟೈನರ್ ಎಂಬ ಎಲುಬಿನ ಶಸ್ತ್ರವೈದ್ಯನು ತಾನೇ ನಡೆಸುತ್ತಿದ್ದ ಚಿಕ್ಕ ವಿಮಾನವು ಅಮೇರಿಕೆಯ ನೆಬ್ರಾಸ್ಕ ಸಂಸ್ಥಾನದ ಹೊಲವೊಂದರಲ್ಲಿ ಬಿದ್ದು ಹೆಂಡತಿಯನ್ನು ಕಳೆದುಕೊಂಡನು. ಮಕ್ಕಳು ತೀವ್ರವಾಗಿ ಗಾಯಗೊಂಡರು. ಹತ್ತಿರದ ಗ್ರಾಮೀಣ ಆಸ್ಪತ್ರೆಯಲ್ಲಿ ದೊರೆತ ಉಪಚಾರವನ್ನು ಕಂಡು, ಹೊಲದಲ್ಲಿ ತಾನು ಬರಿಗೈಯಿಂದ ಮಾಡಿದ್ದೇ ಇದಕ್ಕಿಂತ ಮೇಲಾಗಿತ್ತೆಂದು ಅವನಿಗೆ ಅನಿಸಿತು. ಆ ವೈದ್ಯರನ್ನು ಹಳಿಯುವುದರ ಬದಲು, ಚಿಕ್ಕ ಊರಿನ ವೈದ್ಯನೂ ನೆನಪಿಟ್ಟುಕೊಳ್ಳಬಲ್ಲಂಥ ಒಂದು ಕ್ರಮವನ್ನು ಅವನೂ ಅವನ ಸಹೋದ್ಯೋಗಿಗಳೂ ಸೇರಿ ರಚಿಸಿ ೧೯೭೮ರಲ್ಲಿ ಪಾಠ ಹೇಳತೊಡಗಿದರು. ಅದೇ ಇಂದು ಜಗತ್ತಿನೆಲ್ಲೆಡೆ ಕಲಿಸಲ್ಪಡುತ್ತಿರುವ ಆಘಾತಚಿಕಿತ್ಸೆಯ ಶಿಕ್ಷಣ. ಮೊದಲು ಶ್ವಾಸದ ದಾರಿ, ಆಗ ಕತ್ತಿನ ಎಲುಬಿಗೆ ಆಧಾರ; ನಂತರ ಉಸಿರಾಟ; ನಂತರ ರಕ್ತಸಂಚಾರ; ನಂತರ ಎಚ್ಚರದ ಮಟ್ಟ; ಕಡೆಗೆ ಬಟ್ಟೆಗಳನ್ನು ತೆಗೆದು ಮರೆಯಾದ ಗಾಯಗಳ ಶೋಧ. ಚಿಮ್ಮುತ್ತಿರುವ ರಕ್ತವನ್ನು ಒತ್ತಿ ನಿಲ್ಲಿಸುವುದನ್ನು ಈಚೆಗೆ ಇವೆಲ್ಲಕ್ಕೂ ಮೊದಲು ಇಡುತ್ತಾರೆ. ಯಾವುದು ಬೇಗನೆ ಕೊಲ್ಲುವುದೋ ಅದನ್ನು ಮೊದಲು ಸರಿಪಡಿಸಬೇಕೆಂಬುದೇ ಈ ಅನುಕ್ರಮದ ತರ್ಕ. ಮುರಿದ ತೊಡೆಯ ಎಲುಬು ನೋಡಲು ಭಯಂಕರ. ನಾಲಗೆ ಹಿಂದಕ್ಕೆ ಬಿದ್ದು ಮುಚ್ಚಿಹೋದ ಗಂಟಲು ನೋಡಲು ಏನೂ ಅಲ್ಲ. ಕೊಲ್ಲುವುದು ಎರಡನೆಯದು.

ತಾಲೂಕಿನ ದವಾಖಾನೆಯಲ್ಲಿ ಏನು ತಾನೇ ಸಾಧ್ಯ, ಹುಬ್ಬಳ್ಳಿಗೆ ಕಳಿಸುವುದೇ ಲೇಸು ಎಂಬ ನಂಬಿಕೆ ಜನರಲ್ಲಿ ಬಲವಾಗಿದೆ; ಕೆಲವೊಮ್ಮೆ ವೈದ್ಯರಲ್ಲಿಯೂ. ಇದಕ್ಕೆ ಉತ್ತರವಾಗಿ ಒಂದು ಉದಾಹರಣೆ ಸಾಕು. ರಕ್ತ ಕರಗದಂತೆ ತಡೆಯುವ ಟ್ರಾನೆಕ್ಸಾಮಿಕ್ ಆಮ್ಲವೆಂಬ ಅಗ್ಗದ ಔಷಧವನ್ನು ೪೦ ದೇಶಗಳ ೨೦,೨೧೧ ಗಾಯಾಳುಗಳಲ್ಲಿ ಪರೀಕ್ಷಿಸಿ ೨೦೧೦ರಲ್ಲಿ ಫಲವನ್ನು ಪ್ರಕಟಿಸಿದರು. ಆ ದೇಶಗಳಲ್ಲಿ ಭಾರತವೂ ಒಂದು. ಗಾಯವಾದ ಮೂರು ತಾಸುಗಳೊಳಗೆ, ಅದರಲ್ಲಿಯೂ ಮೊದಲ ತಾಸಿನಲ್ಲಿ ಕೊಟ್ಟರೆ ರಕ್ತಸ್ರಾವದ ಸಾವು ಕಡಿಮೆಯಾಗುತ್ತದೆ. ಮೂರು ತಾಸು ಮೀರಿದ ಮೇಲೆ ಕೊಟ್ಟರೆ ಪ್ರಯೋಜನವಿಲ್ಲ, ಹಾನಿಯೂ ಉಂಟು. ಹಿರೇಕೆರೂರಿನ ಹೊಲದಿಂದ ಮುಖ್ಯರಸ್ತೆಗೆ, ರಸ್ತೆಯಿಂದ ದೊಡ್ಡ ಆಸ್ಪತ್ರೆಗೆ ತಲುಪುವ ಹೊತ್ತಿಗೆ ಆ ಮೂರು ತಾಸು ಸಂದಿರುತ್ತದೆ. ಅಂದ ಮೇಲೆ ಆ ಔಷಧದ ಗಳಿಗೆಯು ತಾಲೂಕಿನ ದವಾಖಾನೆಗೇ ಸೇರಿದುದು. ಹೆರಿಗೆಯ ನಂತರದ ರಕ್ತಸ್ರಾವದಲ್ಲಿಯೂ ಇದೇ ಔಷಧವು ಉಪಯುಕ್ತವೆಂದು ೨೦೧೭ರಲ್ಲಿ ತಿಳಿದುಬಂದಿದೆ.

ಇನ್ನು ಈ ಪ್ರದೇಶದ ವಿಶೇಷವಾದ ಆಪತ್ತಿಗೆ ಬರೋಣ. ಅದು ಹಾವಿನ ಕಡಿತ. ೨೦೦೦ದಿಂದ ೨೦೧೯ರವರೆಗೆ ಭಾರತದಲ್ಲಿ ಇದರಿಂದ ಸತ್ತವರು ಸುಮಾರು ೧೨ ಲಕ್ಷ, ಅಂದರೆ ವರ್ಷಕ್ಕೆ ಸರಾಸರಿ ೫೮,೦೦೦ ಎಂದು ೨೦೨೦ರಲ್ಲಿ ಪ್ರಕಟವಾದ ಅಧ್ಯಯನವು ಅಂದಾಜುಮಾಡಿತು. ಅರ್ಧದಷ್ಟು ಸಾವುಗಳು ಜೂನ್‌ನಿಂದ ಸೆಪ್ಟೆಂಬರಿನವರೆಗಿನ ಮಳೆಗಾಲದವು. ಅದಕ್ಕೂ ಹಿಂದಿನ ಅಧ್ಯಯನದಲ್ಲಿ ಇನ್ನೊಂದು ಸಂಗತಿ ಹೊರಬಿದ್ದಿತ್ತು: ಸತ್ತವರಲ್ಲಿ ಸುಮಾರು ಕಾಲುಭಾಗ ಮಾತ್ರ ದವಾಖಾನೆಯಲ್ಲಿ ಸತ್ತವರು, ಉಳಿದವರು ಅಲ್ಲಿಗೆ ಮುಟ್ಟಲೇ ಇಲ್ಲ. ಕರ್ನಾಟಕ ಸರಕಾರವು ೨೦೨೪ರಲ್ಲಿ ಹಾವಿನ ಕಡಿತವನ್ನು ಕಡ್ಡಾಯವಾಗಿ ವರದಿಮಾಡಬೇಕಾದ ಪ್ರಕರಣವೆಂದು ಘೋಷಿಸಿತು. ಎಣಿಸದೆ ಇದ್ದುದಕ್ಕೆ ಸಿದ್ಧವಾಗುವುದು ಅಸಾಧ್ಯವಾದ್ದರಿಂದ, ಇದು ಮೇಲ್ನೋಟಕ್ಕೆ ತೋರುವುದಕ್ಕಿಂತ ದೊಡ್ಡ ಹೆಜ್ಜೆ.

ನಾಗರಹಾವು, ಕಟ್ಟುಹಾವು, ಕೊಳಕುಮಂಡಲ, ಗರಗಸಮಂಡಲ ಎಂಬ ನಾಲ್ಕರ ವಿಷಕ್ಕೆ ನಮ್ಮ ದೇಶದಲ್ಲಿ ದೊರೆಯುವ ಪ್ರತಿವಿಷವು ಕೆಲಸಮಾಡುತ್ತದೆ. ಕುದುರೆಯ ರಕ್ತದಿಂದ ತಯಾರಾಗುವ ಈ ಒಂದೇ ಔಷಧವು ನಾಲ್ಕಕ್ಕೂ ಸಲ್ಲುವುದರಿಂದ ಹಾವನ್ನು ಕೊಂದು ತರುವ ಅವಶ್ಯಕತೆ ಏನೂ ಇಲ್ಲ. ತರಲು ಹೋಗಿ ಎರಡನೆಯವನೂ ಕಡಿಸಿಕೊಂಡ ಪ್ರಸಂಗಗಳುಂಟು. (ಹಾನಗಲ್ಲಿನ ಪಶ್ಚಿಮಕ್ಕೆ ಸಹ್ಯಾದ್ರಿಯ ಕಾಡುಗಳಲ್ಲಿರುವ ಗೂನುಮೂಗಿನ ಮಂಡಲದ ವಿಷಕ್ಕೆ ಮಾತ್ರ ಈ ಔಷಧ ನಾಟುವುದಿಲ್ಲ.) ಕಟ್ಟುಹಾವಿನ ಕಡಿತ ಅತ್ಯಂತ ಮೋಸದ್ದು. ರಾತ್ರಿ ನೆಲದ ಮೇಲೆ ಮಲಗಿದವರನ್ನು ಅದು ಕಡಿಯುತ್ತದೆ. ನೋವಿಲ್ಲ, ಬಾವಿಲ್ಲ, ಹಲ್ಲಿನ ಗುರುತೂ ಕಾಣದು. ನಸುಕಿನಲ್ಲಿ ಹೊಟ್ಟೆನೋವೆಂದು ಏಳುತ್ತಾನೆ. ರೆಪ್ಪೆ ಜೋತುಬೀಳುತ್ತದೆ, ಮಾತು ತೊದಲುತ್ತದೆ, ನುಂಗಲಾಗದು, ಆಮೇಲೆ ಉಸಿರು. ಹೊಟ್ಟೆನೋವಿನ ಮಾತ್ರೆ ಕೊಟ್ಟು ಮನೆಗೆ ಕಳಿಸುವ ಸಂಭವ ಇಲ್ಲಿ ಹೆಚ್ಚು. ಮಳೆಗಾಲದ ಬೆಳಗಿನ ಹೊಟ್ಟೆನೋವು, ನೆಲದ ಮೇಲೆ ನಿದ್ರೆ, ಜೋಲುವ ರೆಪ್ಪೆ, ಈ ಮೂರು ಕೂಡಿದರೆ ಕಟ್ಟುಹಾವೆಂದು ತಿಳಿಯತಕ್ಕದ್ದೆಂಬುದನ್ನು ರಾತ್ರಿಪಾಳಿಯ ಪ್ರತಿಯೊಬ್ಬನೂ ಕಂಠಪಾಠಮಾಡಿರಬೇಕು. ಇದರಲ್ಲಿ ಪ್ರತಿವಿಷ ಕೊಟ್ಟರೂ ಒಮ್ಮೆ ಬಂದ ಪಾರ್ಶ್ವವು ಬೇಗನೆ ಇಳಿಯುವುದಿಲ್ಲ. ಉಸಿರನ್ನು ಕೈಯಿಂದಲೋ ಯಂತ್ರದಿಂದಲೋ ನಡೆಸುತ್ತಲೇ ಇರಬೇಕು. ರಬ್ಬರಿನ ಗಾಳಿಚೀಲವನ್ನು ಒತ್ತುತ್ತ ಹುಬ್ಬಳ್ಳಿಯವರೆಗೂ ಹೋದವರು ಎಷ್ಟೋ ಜೀವಗಳನ್ನು ಉಳಿಸಿದ್ದಾರೆ. ಅದನ್ನು ಒತ್ತುವುದು ಒಂದು ಮಧ್ಯಾಹ್ನದಲ್ಲಿ ಕಲಿಯಬಹುದಾದ ವಿದ್ಯೆ.

ಮಂಡಲಗಳ ವಿಷವು ರಕ್ತವನ್ನು ಕೆಡಿಸುತ್ತದೆ. ಅದನ್ನು ತಿಳಿಯುವುದಕ್ಕೆ ಪ್ರಯೋಗಾಲಯವೇ ಬೇಕೆಂದಿಲ್ಲ. ಎರಡು ಮಿಲಿಲೀಟರು ರಕ್ತವನ್ನು ಸ್ವಚ್ಛವಾದ ಒಣ ಗಾಜಿನ ನಳಿಕೆಯಲ್ಲಿ ಹಾಕಿ, ಇಪ್ಪತ್ತು ನಿಮಿಷ ಅಲುಗಾಡಿಸದೆ ಇಟ್ಟು, ಓರೆಮಾಡಿ ನೋಡಬೇಕು. ರಕ್ತವು ಹೆಪ್ಪುಗಟ್ಟದೆ ಹರಿದರೆ ವಿಷವೇರಿದೆ ಎಂದರ್ಥ. ನಳಿಕೆ ಗಾಜಿನದೇ ಆಗಿರಬೇಕು. ಪ್ಲಾಸ್ಟಿಕ್ಕಿನದಾದರೆ, ಅಥವಾ ಸಾಬೂನಿನ ಪುಡಿಯಿಂದ ತೊಳೆದುದಾದರೆ ಒಳ್ಳೆಯ ರಕ್ತವೂ ಹೆಪ್ಪುಗಟ್ಟದೆ ತಪ್ಪುದಾರಿ ಹಿಡಿಸುತ್ತದೆ. ಈಗ ಎಲ್ಲೆಡೆಯೂ ಪ್ಲಾಸ್ಟಿಕ್ ನಳಿಕೆಗಳೇ ಸರಬರಾಜಾಗುವುದರಿಂದ, ಕೆಲವು ರೂಪಾಯಿಗಳ ಗಾಜಿನ ನಳಿಕೆಯೊಂದನ್ನು ನೆನಪಿಟ್ಟು ತರಿಸಿ ಇಡುವವನು ಬೇಕು. ಸಿದ್ಧತೆಯೆಂದರೆ ಬಹುಪಾಲು ಇಂಥ ಕ್ಷುಲ್ಲಕವೆನಿಸುವ ಸಂಗತಿಗಳೇ. ಮಗುವಿಗೂ ದೊಡ್ಡವರಿಗೂ ಪ್ರತಿವಿಷದ ಪ್ರಮಾಣ ಒಂದೇ, ಏಕೆಂದರೆ ಹಾವು ಕಡಿಸಿಕೊಂಡವನ ವಯಸ್ಸನ್ನು ನೋಡಿ ವಿಷವನ್ನು ಅಳೆಯುವುದಿಲ್ಲ. ಪ್ರತಿವಿಷವೇ ಕೆಲವರಿಗೆ ಒಗ್ಗದೆ ರಕ್ತದೊತ್ತಡ ಕುಸಿಯುವುದುಂಟು. ಅದಕ್ಕಾಗಿ ಅಡ್ರಿನಲಿನ್ ಸೂಜಿಯಲ್ಲಿ ತುಂಬಿ ಪಕ್ಕದಲ್ಲಿರಬೇಕು. ಈ ಭಯದಿಂದ ಪ್ರತಿವಿಷವನ್ನೇ ಕೊಡದೆ ಮುಂದಕ್ಕೆ ಕಳಿಸುವುದು ಮಾತ್ರ ಸಲ್ಲದು.

ಊರವರ ಪಾಲಿನ ಕ್ರಮ ಇನ್ನೂ ಸುಲಭ: ಕಡಿತವಾದ ಅಂಗವನ್ನು ಮುರಿದ ಎಲುಬಿನಂತೆ ಅಲುಗದ ಹಾಗೆ ಇಟ್ಟು, ನಡೆಯಗೊಡದೆ, ಕೂಡಲೇ ಸಾಗಿಸುವುದು. ಕೊಯ್ಯುವುದು, ಹೀರುವುದು, ಹಗ್ಗ ಬಿಗಿಯುವುದು ಬೇಡ. ಬಿಗಿದೇ ತಂದಿದ್ದರೆ ದಾರಿಯಲ್ಲಿ ಬಿಚ್ಚಬಾರದು. ವೈದ್ಯನ ಎದುರಿಗೆ, ಔಷಧಗಳು ಸಿದ್ಧವಾದ ಮೇಲೆ ಬಿಚ್ಚಬೇಕು. ತಡೆದ ವಿಷವು ಒಮ್ಮೆಲೇ ಏರಿ ಬಾಗಿಲಲ್ಲಿಯೇ ರೋಗಿ ಕುಸಿದುಬಿಡಬಹುದು. ಮಂತ್ರ ಹಾಕಿಸುವ ಪದ್ಧತಿಯನ್ನು ಹಂಗಿಸುವುದರಿಂದ ಪ್ರಯೋಜನವಿಲ್ಲ. ಹಾಕುವವರನ್ನೇ ಕಂಡು, ‘ನೀವು ನಿಮ್ಮದನ್ನು ಗಾಡಿಯಲ್ಲಿ ಕುಳಿತೇ ಹೇಳಿರಿ’ ಎಂದು ಒಪ್ಪಿಸುವುದು ಹೆಚ್ಚಿನ ಫಲ ಕೊಟ್ಟೀತು.

ಕೀಟನಾಶಕಗಳ ವಿಷದ ಬಗೆಗೆ ಸಂಕ್ಷೇಪವಾಗಿ ಹೇಳುತ್ತೇವೆ. ಹತ್ತಿ, ಮೆಣಸಿನಕಾಯಿಗಳ ನಾಡಿನಲ್ಲಿ ಅದು ಮನೆಮನೆಯಲ್ಲಿದೆ. ಸಿಂಪಡಿಸುವಾಗ ಮೈಗೆ ತಗಲಿಯೂ, ಸಂಕಟದ ಗಳಿಗೆಯಲ್ಲಿ ಕುಡಿದೂ ಜನರು ಬರುತ್ತಾರೆ. ರಂಜಕ ಜಾತಿಯ ವಿಷವಾದರೆ ಬಾಯಲ್ಲಿ ನೊರೆ, ಕಣ್ಣುಪಾಪೆ ಸೂಜಿಮೊನೆಯಷ್ಟು. ಬಟ್ಟೆ ತೆಗೆದು ಮೈ ತೊಳೆಯುವುದು, ಎದೆಯೊಳಗಿನ ನೀರು ಒಣಗುವವರೆಗೆ ಅಟ್ರೊಪಿನ್ ಕೊಡುವುದು ಇದರ ಕ್ರಮ. ತೀವ್ರ ಪ್ರಕರಣದಲ್ಲಿ ಒಬ್ಬನಿಗೇ ನೂರಾರು ಸಣ್ಣ ಸೀಸೆಗಳು ಬೇಕಾಗಬಹುದಾದ್ದರಿಂದ ದಾಸ್ತಾನಿನ ಲೆಕ್ಕವನ್ನು ಕೆಟ್ಟ ರಾತ್ರಿಯ ಮೇಲಿಂದ ಹಾಕಬೇಕು, ಸರಾಸರಿ ತಿಂಗಳ ಮೇಲಿಂದಲ್ಲ. ಕುಡಿದು ಬಂದವನನ್ನು ಅಪರಾಧಿಯಂತೆ ಪ್ರಶ್ನಿಸುವ ಹಳೆಯ ರೂಢಿಗೆ ಈಗ ಕಾನೂನಿನ ಆಧಾರವೂ ಇಲ್ಲ; ೨೦೧೭ರ ಮಾನಸಿಕ ಆರೋಗ್ಯರಕ್ಷಣಾ ಕಾಯಿದೆಯು ಅಂಥವನನ್ನು ತೀವ್ರ ಮಾನಸಿಕ ಒತ್ತಡದಲ್ಲಿದ್ದವನೆಂದೇ ಭಾವಿಸಬೇಕೆನ್ನುತ್ತದೆ. ಜೀವ ಉಳಿದ ಮೇಲೆ ಅವನೊಡನೆ ಕುಳಿತು ಮಾತನಾಡುವವರು ಇರುವುದೂ ಚಿಕಿತ್ಸೆಯ ಭಾಗವೇ.

ಮುಂಗಾಣಬಹುದಾದ ಆಪತ್ತುಗಳೂ ಇವೆ. ದೀಪಾವಳಿಯಿಂದ ಮುಂದೆ ಕೆಲವು ತಿಂಗಳು ಈ ತಾಲೂಕುಗಳಲ್ಲಿ ಹೋರಿ ಬೆದರಿಸುವ ಹಬ್ಬ ನಡೆಯುತ್ತದೆ. ಕೊಬ್ಬರಿಗಿಟಕುಗಳನ್ನು ಕಟ್ಟಿಕೊಂಡು ಜನಸಂದಣಿಯ ನಡುವೆ ಓಡುವ ಹೋರಿಯ ಸೊಬಗನ್ನು ಕಂಡವರು ಅದನ್ನು ಬಿಡಿರೆಂದು ಹೇಳಲಾರರು. ಆದರೆ ಕೊಂಬಿನ ತಿವಿತದಿಂದಲೂ ತುಳಿತದಿಂದಲೂ ಪ್ರಾಣಹಾನಿ ಆಗುತ್ತಲೇ ಇದೆ. ಸತ್ತವರಲ್ಲಿ ಬರಿಯ ನೋಡುಗರೂ ಇದ್ದಾರೆ. ಹೊಟ್ಟೆಗೆ ತಿವಿದ ಕೊಂಬು ಹೊರಗೆ ಎರಡು ಬೆರಳಿನ ಗಾಯ ಮಾಡಿ ಒಳಗೆ ಕರುಳನ್ನು ಹರಿದಿರಬಹುದು. ಗಾಯಕ್ಕೆ ಹೊಲಿಗೆ ಹಾಕಿ ಕಳಿಸಿದರೆ ಎರಡನೆಯ ದಿನ ಅನಾಹುತ. ಹಬ್ಬದ ದಿನ ಊರಿಗೆಲ್ಲ ತಿಳಿದಿರುವಾಗ ದವಾಖಾನೆಗೆ ತಿಳಿಯದಿರಲು ಕಾರಣವಿಲ್ಲ. ಅಂತೆಯೇ ಮಳೆಗಾಲದ ನೆರೆ. ೨೦೧೯ರ ಆಗಸ್ಟಿನಲ್ಲಿ ವರದೆಯು ಉಕ್ಕಿ ಹಾನಗಲ್ಲ, ಸವಣೂರು ಭಾಗದ ತೀರದ ಹಳ್ಳಿಗಳಿಗೆ ನುಗ್ಗಿದುದನ್ನು ನೆನೆದರೆ, ಅಂಥ ವಾರದಲ್ಲಿ ದಿನ ತುಂಬಿದ ಬಸುರಿಯರ ಪಟ್ಟಿ ಮೊದಲೇ ಕೈಯಲ್ಲಿರಬೇಕೆಂಬುದು ಸ್ಪಷ್ಟವಾಗುತ್ತದೆ.

ಈಗ ಅತ್ಯಂತ ವಿವಾದದ ಅಂಶ: ಮುಂದಕ್ಕೆ ಕಳಿಸುವುದು. ನಮ್ಮ ಭಾಗದಲ್ಲಿ ‘ಹುಬ್ಬಳ್ಳಿಗೆ ಬರೆದುಕೊಟ್ಟರು’ ಎಂಬ ಮಾತೇ ಒಂದು ರೂಢಿಯಾಗಿದೆ. ಬರೆದುಕೊಡುವುದು ತಪ್ಪಲ್ಲ; ಬರೆದುಕೊಡುವ ಮೊದಲು ಏನು ಮಾಡಿದರು ಎಂಬುದೇ ಪ್ರಶ್ನೆ. ೧೯೮೯ರಲ್ಲಿ ಸರ್ವೋಚ್ಚ ನ್ಯಾಯಾಲಯವು ಪರಮಾನಂದ ಕಟಾರಾ ಅವರ ಅರ್ಜಿಯ ತೀರ್ಪಿನಲ್ಲಿ, ಸರಕಾರಿಯಿರಲಿ ಖಾಸಗಿಯಿರಲಿ, ಪ್ರತಿಯೊಬ್ಬ ವೈದ್ಯನೂ ಗಾಯಾಳುವಿನ ಜೀವರಕ್ಷಣೆಗೆ ಬದ್ಧನೆಂದೂ, ಪೋಲೀಸರ ಕಾಗದಪತ್ರಗಳು ಅದಕ್ಕೆ ಅಡ್ಡಬರಬಾರದೆಂದೂ ಹೇಳಿತು. ಆ ಅರ್ಜಿಗೆ ಕಾರಣವಾದುದು, ಅಪಘಾತಕ್ಕೊಳಗಾದ ಒಬ್ಬನನ್ನು ಹತ್ತಿರದ ಆಸ್ಪತ್ರೆಯವರು ನೋಡದೆ ಇಪ್ಪತ್ತು ಕಿಲೋಮೀಟರು ದೂರದ ಇನ್ನೊಂದಕ್ಕೆ ಕಳಿಸಿ, ಅವನು ದಾರಿಯಲ್ಲಿ ಸತ್ತನೆಂಬ ಪತ್ರಿಕಾವರದಿ. ೧೯೯೬ರ ಇನ್ನೊಂದು ತೀರ್ಪು ಬಂಗಾಲದಲ್ಲಿ ರೈಲಿನಿಂದ ಬಿದ್ದ ಕೃಷಿಕಾರ್ಮಿಕನೊಬ್ಬನದು. ಹಾಸಿಗೆಯಿಲ್ಲವೆಂದು ಒಂದರ ಮೇಲೊಂದು ಸರಕಾರಿ ಆಸ್ಪತ್ರೆಗಳು ಅವನನ್ನು ಹಿಂದಕ್ಕೆ ಕಳಿಸಿದ್ದವು. ಪ್ರಾಥಮಿಕ ಕೇಂದ್ರಗಳಲ್ಲಿಯೇ ರೋಗಿಯನ್ನು ಸ್ಥಿಮಿತಕ್ಕೆ ತರುವ ಅನುಕೂಲಗಳಿರಬೇಕು, ಎಲ್ಲಿ ಹಾಸಿಗೆ ಇದೆಯೆಂದು ತಿಳಿಸುವ ಸಂಪರ್ಕವ್ಯವಸ್ಥೆಯಿರಬೇಕು, ಹಣವಿಲ್ಲವೆಂಬ ನೆಪ ಸಲ್ಲದು ಎಂದು ಅಲ್ಲಿ ನ್ಯಾಯಾಲಯ ಹೇಳಿತು. ಕಾಲು ಶತಮಾನಕ್ಕೂ ಹಿಂದಿನ ಈ ತೀರ್ಪನ್ನು ತುರ್ತುಚಿಕಿತ್ಸೆಯ ಒಳ್ಳೆಯ ಪಠ್ಯವೆಂದೇ ಓದಬಹುದು. ನ್ಯಾಯಶಾಸ್ತ್ರದ ವಿದ್ಯಾರ್ಥಿಗಳಿಗೆ ನಾವು ಅದನ್ನು ವಿಶೇಷವಾಗಿ ಸೂಚಿಸುತ್ತೇವೆ.

ಸಾಗಾಟದ ವಿಷಯದಲ್ಲಿ ನಮ್ಮ ರಾಜ್ಯವು ಮುಂದೆ ಬಂದಿದೆ. ೨೦೦೮ರ ನವೆಂಬರ್ ೧ರಂದು ೧೦೮ರ ‘ಆರೋಗ್ಯ ಕವಚ’ ವಾಹನಗಳು ಆರಂಭವಾದವು. ೨೦೧೬ರಲ್ಲಿ, ಬೆಂಗಳೂರಿನ ಬಳಿ ಭೀಕರವಾಗಿ ಗಾಯಗೊಂಡು ಸಾಯುವಾಗಲೂ ತನ್ನ ಅಂಗಗಳನ್ನು ದಾನಮಾಡಿರೆಂದ ತರುಣ ಹರೀಶನ ಹೆಸರಿನಲ್ಲಿ, ರಸ್ತೆ ಅಪಘಾತದ ಮೊದಲ ೪೮ ತಾಸುಗಳ ಚಿಕಿತ್ಸೆಗೆ ೨೫,೦೦೦ ರೂಪಾಯಿಗಳವರೆಗೆ ನೆರವು ನೀಡುವ ಯೋಜನೆ ಹೊರಟಿತು. ಅದೇ ವರ್ಷ, ಗಾಯಾಳುವನ್ನು ತಂದವನನ್ನು ಪೋಲೀಸರೂ ಆಸ್ಪತ್ರೆಯವರೂ ಪೀಡಿಸಬಾರದೆಂಬ ನಿಯಮಗಳಿಗೆ ಸರ್ವೋಚ್ಚ ನ್ಯಾಯಾಲಯವು ಮುದ್ರೆಯೊತ್ತಿತು. ೨೦೧೯ರಲ್ಲಿ ಅದು ಮೋಟಾರು ವಾಹನ ಕಾಯಿದೆಯಲ್ಲಿಯೇ ಸೇರಿತು. ತಂದವನು ತನ್ನ ಹೆಸರನ್ನೂ ಹೇಳಬೇಕಾಗಿಲ್ಲ. ಇಷ್ಟಿದ್ದರೂ ಹೆದ್ದಾರಿಯ ಅಂಚಿನಲ್ಲಿ ಜನರು ಇಂದಿಗೂ ಹಿಂಜರಿಯುವುದನ್ನು ಕಾಣುತ್ತೇವೆ. ಕಾನೂನು ಬದಲಾದುದು ತಿಳಿಯುವುದಕ್ಕೆ ಕಾನೂನು ಬದಲಾಗುವುದಕ್ಕಿಂತ ಹೆಚ್ಚು 
ಕಾಲ ಬೇಕಾಗುತ್ತದೆಂದು ತೋರುತ್ತದೆ.

ಕಡೆಯದಾಗಿ ದವಾಖಾನೆಯ ಒಳಗಿನ ಮಾತು. ಹಲವು ವರ್ಷಗಳ ಹಿಂದೆ ಈ ಲೇಖಕನು ಹೊಟ್ಟೆಯಲ್ಲಿ ಸಂಕಟವಾಗಿ ಬೆವರುತ್ತಿದ್ದ ಹಿರಿಯ ಸಹೋದ್ಯೋಗಿಯನ್ನು ಒಂದು ರಾತ್ರಿ ಒಂದು ಚಿಕ್ಕ ಊರಿನ ದವಾಖಾನೆಗೆ ಕರೆದೊಯ್ದಿದ್ದನು. ವೈದ್ಯರಿದ್ದರು, ಅವರಿಗೆ ಏನು ಮಾಡಬೇಕೆಂಬುದೂ ತಿಳಿದಿತ್ತು. ಔಷಧದ ಕಪಾಟಿನ ಬೀಗದ ಕೈ ಮಾತ್ರ ಮನೆಗೆ ಹೋಗಿದ್ದವರ ಜೇಬಿನಲ್ಲಿತ್ತು. ಅದು ಬರುವುದಕ್ಕೆ ಮೂವತ್ತೈದು ನಿಮಿಷಗಳಾದವು. ಸಹೋದ್ಯೋಗಿ ಉಳಿದರು, ಆದರೆ ಹೃದಯದ ಶಕ್ತಿ ಹಿಂದಿನಂತಾಗಲಿಲ್ಲ. ಮೊದಲನೆಯ ಮಹಡಿಯ ತರಗತಿಗಳನ್ನು ಅವರು ಮತ್ತೆ ತೆಗೆದುಕೊಳ್ಳಲಿಲ್ಲ. ಅಲ್ಲಿ ಯಾರಲ್ಲಿಯೂ ಜ್ಞಾನದ ಕೊರತೆಯಿರಲಿಲ್ಲ, ಕರುಣೆಯ ಕೊರತೆಯೂ ಇರಲಿಲ್ಲ.

ಆದ್ದರಿಂದ ಒಳ್ಳೆಯ ತುರ್ತುವಿಭಾಗಗಳಲ್ಲಿ ಔಷಧದ ಬಂಡಿಗೆ ಬೀಗವಿಲ್ಲದೆ, ಕೈಯಿಂದ ಹರಿಯಬಹುದಾದ ಒಂದು ಮುದ್ರೆ ಮಾತ್ರ ಇರುತ್ತದೆ. ಮುದ್ರೆ ಹರಿದಿದ್ದರೆ ಏನೋ ತೆಗೆದಿದ್ದಾರೆಂದು ಗೊತ್ತಾಗುತ್ತದೆ. ಆಗ ತುಂಬಿ ಮತ್ತೆ ಮುದ್ರಿಸುತ್ತಾರೆ. ಪ್ರತಿ ಪಾಳಿಯ ಆರಂಭದಲ್ಲಿ ಒಬ್ಬರು ಪ್ರಾಣವಾಯುವಿನ ಸಿಲಿಂಡರಿನ ಮುಳ್ಳು, ಗಾಳಿಚೀಲ, ಕಫ ಹೀರುವ ಯಂತ್ರ, ದೀಪದ ಬ್ಯಾಟರಿ ಇವುಗಳನ್ನು ನೋಡಿ ಸಹಿಮಾಡುತ್ತಾರೆ. ನೋಡದೆ ಸಹಿಮಾಡುವುದೂ ನಡೆಯುತ್ತದೆ. ಅದಕ್ಕೆ ಮದ್ದು ಅನಿರೀಕ್ಷಿತವಾದ ಅಣಕು ಕಾರ್ಯಾಚರಣೆ. ಹದಿನೈದು ವಿದ್ಯಾರ್ಥಿಗಳು ಕೆಂಪು, ಹಳದಿ, ಹಸಿರು ಚೀಟಿಗಳ ಪಾತ್ರ ಹೊತ್ತು ಗಾಯಾಳುಗಳಾಗಿ ಬಂದರೆ ಮೊದಲ ಸಲ ಏನೇನು ಸಿಗುವುದಿಲ್ಲವೆಂಬುದು ಅರ್ಧ ತಾಸಿನಲ್ಲಿ ತಿಳಿಯುತ್ತದೆ. ನಾಲ್ಕೂ ತಾಲೂಕು ಕೇಂದ್ರಗಳಲ್ಲಿ ಕಾಲೇಜುಗಳಿವೆ. ರಾಷ್ಟ್ರೀಯ ಸೇವಾ ಯೋಜನೆಯ ವಿದ್ಯಾರ್ಥಿಗಳಿಗೆ ಶಿಬಿರದಲ್ಲಿ ಇದಕ್ಕಿಂತ ಉಪಯುಕ್ತವಾದ ಒಂದು ದಿನದ ಕೆಲಸ ನಮಗೆ ತೋಚುವುದಿಲ್ಲ. ಅವರೊಳಗಿನ ಯಾರಾದರೂ ಗಾಳಿಚೀಲವನ್ನು ಒತ್ತಲು ಕಲಿತಾರು.

ಮುಂದಕ್ಕೆ ಕಳಿಸುವಾಗಿನ ಪತ್ರದ ಮಾತೊಂದು ಉಳಿಯಿತು. ‘ಹೆಚ್ಚಿನ ಚಿಕಿತ್ಸೆಗಾಗಿ ಕಳಿಸಲಾಗಿದೆ’ ಎಂಬ ಒಂದೇ ಸಾಲಿನ ಪತ್ರದಿಂದ ಹುಬ್ಬಳ್ಳಿಯ ವೈದ್ಯನಿಗೆ ಏನೂ ತಿಳಿಯುವುದಿಲ್ಲ. ಎಷ್ಟು ಹೊತ್ತಿಗೆ ಕಡಿಯಿತು, ಎಷ್ಟು ಹೊತ್ತಿಗೆ ಬಂದರು, ಗಾಜಿನ ನಳಿಕೆಯ ರಕ್ತ ಹೆಪ್ಪುಗಟ್ಟಿತೆ, ಪ್ರತಿವಿಷದ ಎಷ್ಟು ಸೀಸೆ ಎಷ್ಟು ಹೊತ್ತಿಗೆ ಕೊಟ್ಟರು, ಹೊರಡುವಾಗ ನಾಡಿ ಮತ್ತು ಉಸಿರು ಎಷ್ಟು, ಹುಬ್ಬಳ್ಳಿಯಲ್ಲಿ ಯಾರೊಡನೆ ದೂರವಾಣಿಯಲ್ಲಿ ಮಾತನಾಡಿದರು, ಇಷ್ಟನ್ನು ಹೊತ್ತುಸಹಿತ ಬರೆದು, ಕೆಳಗೆ ಓದಬರುವಂತೆ ಹೆಸರು ಬರೆದ ಕಾಗದವನ್ನು ರೋಗಿಯ ಅಂಗಿಗೆ ಸಿಕ್ಕಿಸಿ ಕಳಿಸಬೇಕು. ಜೊತೆಯಲ್ಲಿ ಹೋಗುವ ಅಣ್ಣತಮ್ಮಂದಿರ ಕೈಗೆ ಕೊಟ್ಟರೆ, ಆ ಗಡಿಬಿಡಿಯಲ್ಲಿ ಅದು ದಾರಿಯ ಚಹದಂಗಡಿಯಲ್ಲಿ ಉಳಿದುಬಿಡುವುದುಂಟು.